ಖಾಲಿ ಲೋಟದ ಬಿಸಿ ಕಾಫಿ

ಸ್ವಂತಕ್ಕೆ ಹೇಳಿಕೊಳ್ಳುವಂಥದ್ದೇನೂ ಇಲ್ಲದವನು ಪಕ್ಕದ ಮನೆಯವರ ಕೀರ್ತಿಯನ್ನಾದರೂ ಹೇಳಿಕೊಂಡು ತಿರುಗುತ್ತಾನೆ. ನಾನು ಆ ಜಾತಿಗೆ ಸೇರಿದವನು. ಮೈಸೂರಿನ ನಮ್ಮ ಬೀದಿಯಲ್ಲಿ ಒಬ್ಬ ನಿವೃತ್ತ ನ್ಯಾಯಾಧೀಶರಿದ್ದರು. ಅವರು ನನ್ನನ್ನು ಒಂದು ದಿನವೂ ಮಾತನಾಡಿಸಿದವರಲ್ಲ. ಆದರೂ ಮದುವೆಮನೆಗಳಲ್ಲಿ ನಾನು 'ನಮ್ಮ ಜಡ್ಜ್ ಸಾಹೇಬರು' ಎನ್ನುತ್ತಿದ್ದ ಧಾಟಿ ಕೇಳಿದವರಿಗೆ, ನಾವಿಬ್ಬರೂ ಒಂದೇ ಎಲೆಯಲ್ಲಿ ಉಂಡು ಬೆಳೆದವರು ಅನ್ನಿಸುತ್ತಿತ್ತು. ಔಷಧ ಕಂಪನಿಯೊಂದರ ಮ್ಯಾನೇಜರಾಗಿ ನೈರೋಬಿಗೆ ಬಂದ ಮೇಲೂ ಈ ಚಾಳಿ ಬಿಡಲಿಲ್ಲ. ಅಂಥದ್ದರಲ್ಲಿ ಅಲ್ಲಿನ ಲೊರೆಶೋ ಬಡಾವಣೆಯ ನಮ್ಮ ಬಾಡಿಗೆ ಮನೆಯ ಪಕ್ಕದಲ್ಲೇ ಒಬ್ಬ ಸಿನಿಮಾ ನಟ ಇದ್ದುಬಿಟ್ಟರೆ ನಾನು ಏನು ಮಾಡಬೇಕು, ನೀವೇ ಹೇಳಿ.

ಅವರ ಹೆಸರು ಎಮಿಲ್. ಬೆಲ್ಜಿಯಂನವರು, ಎಪ್ಪತ್ತು ದಾಟಿದೆ. ಇಲ್ಲಿ ಕೆಲಸದಲ್ಲಿರುವ ಮಗಳ ಜೊತೆ ಇರಲು ಬಂದವರು. ಗೇಟಿನ ಕಾವಲುಗಾರ ಕಮಾವು ಒಂದು ಬೆಳಿಗ್ಗೆ, ಆ ಅಜ್ಜ ಸಿನಿಮಾದಲ್ಲಿ ಬರುತ್ತಾರಂತೆ ಎಂದು ಹೇಳಿದ್ದೇ ತಡ, ನಾನು ಅವನಿಗೆ 'ಅಸಾಂಟೆ' ಎಂದು ಧನ್ಯವಾದ ಹೇಳಿ, ಕಾರಿನಲ್ಲಿ ಕೂರುವ ಮೊದಲೇ ಕೃಷ್ಣಮೂರ್ತಿಯವರಿಗೆ ಫೋನ್ ಮಾಡಿದೆ. ಕೃಷ್ಣಮೂರ್ತಿಯವರು ನಮ್ಮ ಕನ್ನಡ ಕೂಟದ ಅಧ್ಯಕ್ಷರು. ಯಾರಿಗಾದರೂ ಶಾಲು ಹೊದಿಸದೆ ಅವರಿಗೆ ನಿದ್ದೆ ಬರುವುದಿಲ್ಲ. ಊರಿನಲ್ಲಿರುವ ಕನ್ನಡಿಗರಿಗೆಲ್ಲ ಒಂದೊಂದು ಸುತ್ತು ಸನ್ಮಾನ ಮುಗಿದಿತ್ತು. ಶಾಲು, ಪೇಟ, ಹಣ್ಣಿನ ಬುಟ್ಟಿ ಎಲ್ಲ ಸಿದ್ಧವಿದ್ದು, ಪೇಟಕ್ಕೆ ಒಂದು ತಲೆ ಮಾತ್ರ ಬೇಕಾಗಿತ್ತು. 'ಹೀರೋನಾ?' ಎಂದು ಕೇಳಿದರು. 'ಹೀರೋನೇ ಸಾರ್' ಎಂದುಬಿಟ್ಟೆ. ನಾಲಿಗೆಗೆ ಎಲುಬಿಲ್ಲ ನೋಡಿ. ಎರಡೇ ದಿನದಲ್ಲಿ ಎಲ್ಲರ ಫೋನಿಗೂ ಆಹ್ವಾನಪತ್ರಿಕೆ ಬಂತು: ಯುರೋಪಿನ ಪ್ರಖ್ಯಾತ ನಾಯಕ ನಟರಿಗೆ ಸನ್ಮಾನ. ಅದರ ಕೆಳಗೆ ಸಣ್ಣ ಅಕ್ಷರದಲ್ಲಿ ಇನ್ನೊಂದು ಸಾಲು: ನಾನೇ ಬರೆದು, ನಾನೇ ನಿರ್ದೇಶಿಸಿ, ನಾನೇ ನಾಯಕನಾಗಿದ್ದ ಸಾಮಾಜಿಕ ನಾಟಕ.

ಅವರನ್ನು ವೇದಿಕೆಯಲ್ಲಿ ಪರಿಚಯಿಸುವ ಭಾಷಣ ನನ್ನ ಪಾಲಿಗೆ ಬಂದಿದ್ದರಿಂದ, ನಟಿಸಿದ ಚಿತ್ರಗಳ ಹೆಸರನ್ನು ಅವರಿಂದಲೇ ಕೇಳಿಕೊಂಡು ಬಂದು ಒಂದು ಭಾನುವಾರ ಮನೆಯವರೆಲ್ಲ ನೋಡಲು ಕುಳಿತೆವು. ಮೊದಲನೆಯದರಲ್ಲಿ ಎಮಿಲ್ ಒಂದು ಬಾಗಿಲು ತೆಗೆದರು. ಎರಡನೆಯದರಲ್ಲಿ ಅದನ್ನು ಮುಚ್ಚಿದರು. ಮೂರನೆಯದರಲ್ಲಿ ಊಟದ ಮೇಜಿನ ಕೆಳಗೆ ಹೆಣವಾಗಿ ಮಲಗಿದ್ದರು. ಆದರೆ ಅಷ್ಟು ಅಚ್ಚುಕಟ್ಟಾದ ಹೆಣವನ್ನು ನಾನು ನೋಡಿಲ್ಲ. ನಾಲ್ಕನೆಯದರಲ್ಲಿ ಎಷ್ಟು ಹುಡುಕಿದರೂ ಸಿಗಲಿಲ್ಲ. ಕನ್ನಡ ಚೆನ್ನಾಗಿ ಅರ್ಥವಾದರೂ ಇಂಗ್ಲಿಷಿನಲ್ಲೇ ಉತ್ತರ ಕೊಡುವ ನನ್ನ ಹನ್ನೆರಡು ವರ್ಷದ ಮಗಳು ತನ್ವಿ ಚಿತ್ರ ನಿಲ್ಲಿಸಿ, 'ಅಪ್ಪಾ, ದಟ್ ವಾಸ್ ಹಿಸ್ ಎಲ್ಬೋ' ಎಂದು ತೋರಿಸಿದಳು. ಹೆಂಡತಿ ವನಜಾ ಆಹ್ವಾನಪತ್ರಿಕೆಯನ್ನು ಮತ್ತೊಮ್ಮೆ ಗಟ್ಟಿಯಾಗಿ ಓದಿದಳು. ಕೂಟದಲ್ಲಿ ನೂರು ಮನೆಯವರಿದ್ದಾರೆ, ನೂರು ಮನೆಯಲ್ಲೂ ಟೀವಿ ಇದೆ. ಮಾನ ಹೋಗುವುದಕ್ಕೆ ಇನ್ನು ಆರೇ ದಿನ ಉಳಿದಿತ್ತು.

ನಾಚಿಕೆ ನುಂಗಿಕೊಂಡು ಎಮಿಲ್ ಬಳಿ ಹೋಗಿ ತಪ್ಪೊಪ್ಪಿಕೊಂಡೆ. ಅವರಿಗೆ ಬೇಸರವಾಗಲಿಲ್ಲ, ನಗು ಬಂತು. ಬ್ರೆಡ್ ಸುಡುವವನ ಮಗನಾಗಿ ಹುಟ್ಟಿ, ನಾಟಕ ಮಂಡಳಿಯಲ್ಲಿ ಪರದೆ ಎಳೆಯುತ್ತಿದ್ದವರು ಸಿನಿಮಾಕ್ಕೆ ಬಂದು ನಲವತ್ತು ವರ್ಷ ಮಾಣಿ, ಸ್ಟೇಷನ್ ಮಾಸ್ತರ, ಪಾದ್ರಿ, ಕೆಟ್ಟ ಸುದ್ದಿ ಹೇಳುವ ಡಾಕ್ಟರ್ ಆಗಿ ದುಡಿದ ಕಥೆಯನ್ನೆಲ್ಲ ಹೇಳಿದರು. ಒಂದು ಪೋಸ್ಟರಿನಲ್ಲೂ ಅವರ ಮುಖವಿಲ್ಲ. ದುಃಖವಾಗಲಿಲ್ಲವೇ ಎಂದು ಕೇಳಿದೆ. ಅದಕ್ಕೆ ಅವರು, ಚಿತ್ರೀಕರಣದಲ್ಲಿ ಮಾಣಿ ತರುವ ಬಟ್ಟಲು ಯಾವಾಗಲೂ ಖಾಲಿ, ಸೂಪನ್ನು ಬಿಸಿಯಾಗಿಡಬೇಕಾದದ್ದು ತರುವವನ ಬೆರಳು ಎಂದರು. 'ನಾನು ತಂದ ಸೂಪು ಒಂದು ದಿನವೂ ಆರಿರಲಿಲ್ಲ' ಎಂದು ಅವರು ಹೇಳಿದ ರೀತಿ ಹೇಗಿತ್ತೆಂದರೆ, ನಮ್ಮ ಜಡ್ಜ್ ಸಾಹೇಬರು ತೀರ್ಪು ಓದುವಾಗಲೂ ಹಾಗೆ ಹೇಳಿರಲಾರರು. ನನಗೆ ಸೂಪಿನ ಮೇಲೆ ಅಂಥ ಗೌರವ ಇರಲಿಲ್ಲವಾದ್ದರಿಂದ ತಲೆಯಾಡಿಸಿ ಎದ್ದು ಬಂದೆ. ಭಾಷಣದಲ್ಲಿ 'ನಾಯಕ' ಎಂಬುದನ್ನು ಹೊಡೆದುಹಾಕುವ ಧೈರ್ಯ ಮಾತ್ರ ಬರಲಿಲ್ಲ.

ಕಾರ್ಯಕ್ರಮದ ಮಧ್ಯಾಹ್ನ ಎಮಿಲ್ ಕೋಟು ತೊಟ್ಟು ಮೊದಲ ಸಾಲಿನಲ್ಲಿ, ಕೃಷ್ಣಮೂರ್ತಿಯವರ ತಾಯಿ ಪದ್ಮಮ್ಮನವರ ಪಕ್ಕ ಕುಳಿತಿದ್ದರು. ಮೊದಲು ನಾಟಕ, ಆಮೇಲೆ ಸನ್ಮಾನ. ಆದರೆ ನಾಟಕದ ಆಳು ರಾಮನ ಪಾತ್ರದ ಸತೀಶ ಲಂಗಾಟಾ ರಸ್ತೆಯಲ್ಲಿ ಒಂದು ಮಟಾಟುವಿನ ಹಿಂದೆ ಸಿಕ್ಕಿಕೊಂಡು, ಆ ವ್ಯಾನೂ ಅಲ್ಲಾಡುತ್ತಿಲ್ಲ ನಾನೂ ಅಲ್ಲಾಡುತ್ತಿಲ್ಲ ಎಂದು ಫೋನ್ ಮಾಡಿದ. ಆಳಿಗೆ ಮಾತಿಲ್ಲ, ತೆಗೆದುಬಿಡಿ ಎಂದರು ಕೃಷ್ಣಮೂರ್ತಿ. ತೆಗೆಯುವುದು ಹೇಗೆ? ಮುನಿಸಿಕೊಂಡ ಸೊಸೆ ಆಳಿನ ಕೈಯಲ್ಲಿ ಕಳಿಸಿದ ಕಾಫಿಯನ್ನು ಮಾವ, ಅಂದರೆ ನಾನು, ಕುಡಿದು ಕರಗುವುದೇ ನಾಟಕದ ಜೀವ. ಗದ್ದಲ ಕೇಳಿ ಪರದೆಯ ಹಿಂದೆ ಬಂದ ಎಮಿಲ್ ವಿಷಯ ತಿಳಿದು, ಮಾತಿದೆಯೇ ಎಂದು ಕೇಳಿದರು. ಇಲ್ಲ ಎಂದಾಗ ಅವರ ಮುಖ ಅರಳಿದ್ದನ್ನು ನೋಡಬೇಕಿತ್ತು. ಕೋಟು ಬಿಚ್ಚಿ ನನ್ನ ಕೈಗೆ ಕೊಟ್ಟರು. ವನಜಾ ಪಂಚೆ ಕಟ್ಟುವುದನ್ನು ಹೇಳಿಕೊಟ್ಟಳು.

ಬಿಳಿಯ ರಾಮ ವೇದಿಕೆಗೆ ಬಂದಾಗ ಸಭೆ ಘೊಳ್ಳೆಂದು ನಕ್ಕಿತು. ಹತ್ತು ಹೆಜ್ಜೆ ಇಡುವಷ್ಟರಲ್ಲಿ ನಗು ನಿಂತಿತು. ಹೆಗಲ ಮೇಲಿನ ಟವೆಲಿನ ತುದಿಯಲ್ಲಿ ಲೋಟ ಹಿಡಿದು, ಸುಡುತ್ತದೆ ಎಂದು ಬೆರಳು ಬದಲಿಸುತ್ತ, ತುಂಬಿದ ಲೋಟ ತುಳುಕದ ಹಾಗೆ ನಿಧಾನವಾಗಿ ನಡೆದು ಬಂದು, ನನ್ನ ಮುಂದೆ ಇಟ್ಟು, ಬೆರಳನ್ನು ಕಿವಿಗೆ ಒತ್ತಿಕೊಂಡು ಹಿಂದೆ ಸರಿದರು. ಇಲ್ಲಿ ನಾನು ಒಂದು ಮಾರುದ್ದದ ಮಾತು ಹೇಳಬೇಕಿತ್ತು. ಮರೆತುಹೋಯಿತು. ತಾಲೀಮಿನಲ್ಲೂ ಅಲ್ಲೇ ಮರೆಯುತ್ತಿದ್ದೆ, ಮರೆತಾಗಲೆಲ್ಲ ಮೈಕು ಸರಿಯಿಲ್ಲ ಎನ್ನುತ್ತಿದ್ದೆ. ಕುಣಿಯಲಾರದವಳು ನೆಲ ಡೊಂಕು ಅಂದಳಂತೆ. ಏನು ಮಾಡುವುದೆಂದು ತೋಚದೆ ಲೋಟಕ್ಕೆ ಕೈ ಹಾಕಿದೆ. ದೇವರಾಣೆ, ಕೈ ತಾನಾಗಿ ಹಿಂದಕ್ಕೆ ಬಂತು. ಆ ಖಾಲಿ ಲೋಟವನ್ನು ಊದಿದೆ. ಮತ್ತೆ ಊದಿದೆ. ಆಗ ಮೊದಲ ಸಾಲಿನಿಂದ ಪದ್ಮಮ್ಮನವರು, 'ಆರಿಸ್ಕೊಂಡ್ ಕುಡಿಯಪ್ಪಾ, ನಾಲಿಗೆ ಸುಟ್ಕೋತೀಯ' ಎಂದರು.

ಆ ಒಂದು ಮಾತಿಗೆ ಬಿದ್ದ ಚಪ್ಪಾಳೆಯಲ್ಲಿ ನನ್ನ ಮಾರುದ್ದದ ಮಾತು ಮುಳುಗಿ, ನಾಟಕ ಗೆದ್ದಿತು. ಎಷ್ಟು ಸಂತೋಷವಾಯಿತೆಂದರೆ, ಸನ್ಮಾನದ ಹೊತ್ತಿಗೆ ಮೈಕಿನ ಮುಂದೆ ನಿಂತು ಬರೆದುಕೊಂಡಿದ್ದ ಭಾಷಣವನ್ನು ಜೇಬಿಗೆ ಹಾಕಿಕೊಂಡೆ. ಇವರು ನಾಯಕರಲ್ಲ, ಹಾಗೆ ಹೇಳಿ ಹಬ್ಬಿಸಿದವನು ನಾನು, ಇವರು ನಲವತ್ತು ವರ್ಷ ಖಾಲಿ ಬಟ್ಟಲಲ್ಲಿ ಬಿಸಿ ಸೂಪು ತಂದವರು ಎಂದು ಇದ್ದದ್ದು ಇದ್ದಂತೆ ಹೇಳಿಬಿಟ್ಟೆ. ಕೃಷ್ಣಮೂರ್ತಿ ಕೆಮ್ಮಿದರು. ಪದ್ಮಮ್ಮನವರು ಮಗನ ಕಡೆ ತಿರುಗಿ, 'ಹೀರೋ ಅಲ್ದಿದ್ರೆ ಏನೀಗ, ಕಾಫಿ ಬಿಸಿಯಾಗಿ ತಂದ್ಕೊಟ್ರಲ್ಲ, ಪೇಟ ಇಡೋ' ಎಂದರು. ಸಭೆ ಎದ್ದು ನಿಂತಿತು. ಪೇಟದ ಕೆಳಗೆ ಎಮಿಲ್ ಅವರ ಕಣ್ಣು ತುಂಬಿತ್ತು. ಅಳುವ ಪಾತ್ರ ತಮಗೆ ಯಾರೂ ಕೊಟ್ಟಿರಲಿಲ್ಲ ಎಂದು ಆಮೇಲೆ ಹೇಳಿದರು.

ಮನೆಗೆ ಬರುವಾಗ ಕಾರಿನಲ್ಲಿ ತನ್ವಿ, 'ಅಪ್ಪಾ, ಯು ವರ್ ಆಕ್ಚುಲಿ ಗುಡ್' ಎಂದಳು. ಯಾವ ದೃಶ್ಯದಲ್ಲಿ ಎಂದು ಉಬ್ಬಿಹೋಗಿ ಕೇಳಿದೆ. ಮಾತಾಡದೆ ಇದ್ದೆಯಲ್ಲ, ಅಲ್ಲಿ ಎಂದಳು.

ಮುಂದಿನ ವರ್ಷದ ನಾಟಕದಲ್ಲಿ ನನಗಾಗಿ ಆಳಿನ ಪಾತ್ರವನ್ನೇ ಬರೆದುಕೊಂಡಿದ್ದೇನೆ. ಎಮಿಲ್ ಅವರಿಗೆ ತೋರಿಸಿದರೆ, ಅವಸರ ಬೇಡ, ಸದ್ಯ ನಾಯಕನಾಗಿಯೇ ಇರು, ಅದು ಸುಲಭ ಎಂದರು. ನಾನು ಬಿಡಲಿಲ್ಲ. ದಿನಾ ಬೆಳಿಗ್ಗೆ ಟವೆಲು ಹೆಗಲಿಗೆ ಹಾಕಿಕೊಂಡು, ಬೆರಳು ಬದಲಿಸುತ್ತ, ತುಳುಕದ ಹಾಗೆ ನಿಧಾನವಾಗಿ ನಡೆದು ವನಜಾಳ ಮುಂದೆ ಕಾಫಿ ಇಡುತ್ತೇನೆ, ಬೆರಳನ್ನು ಕಿವಿಗೂ ಒತ್ತಿಕೊಳ್ಳುತ್ತೇನೆ. ಲೋಟ ತುಂಬ ನಿಜವಾದ ಕಾಫಿ ಇರುತ್ತದೆ. ಅವಳು ಒಂದು ಗುಟುಕು ಕುಡಿದು, 'ಆರೋಗಿದೆ ರೀ, ಬಿಸಿ ಮಾಡ್ಕೊಂಡ್ ಬನ್ನಿ' ಎನ್ನುತ್ತಾಳೆ.