ಮೆಕ್ಸಿಕೋ ನಟನಿಗೆ ಕುವೈತಿನಲ್ಲಿ ಬಲಿಪೂಜೆ

ಇಡೀ ಕುವೈತಿನಲ್ಲಿ ಮೆಕ್ಸಿಕೋದವನೊಬ್ಬನ ಲಿವರಿಗಾಗಿ ಜಪಮಾಲೆ ಹಿಡಿದವರು ಯಾರಾದರೂ ಇದ್ದರೆ, ಅದು ನಮ್ಮ ಬಾಪ್ಪು ಒಬ್ಬರೇ! ಬಾಪ್ಪು ಅಂದರೆ ನಮ್ಮ ಕೊಂಕಣಿಯಲ್ಲಿ ಚಿಕ್ಕಪ್ಪ. ಆಫೀಸು ಶರ್ಕ್‌ನಲ್ಲಿ, ಮನೆ ಸಲ್ವಾದಲ್ಲಿ, ಮನಸ್ಸು ಮಾತ್ರ ಮೆಕ್ಸಿಕೋದಲ್ಲಿ. ಅಪ್ಪ ತೀರಿಕೊಂಡ ಮೇಲೆ ನಾನು ನರ್ಸ್ ಕೆಲಸಕ್ಕೆಂದು ಬಂದು ಅವರ ಮನೆಯಲ್ಲಿ ಇಳಿದುಕೊಂಡ ದಿನವೇ ಚಿಕ್ಕಮ್ಮ ಎಚ್ಚರಿಸಿದ್ದರು: "ಟೀವಿ ಹತ್ರ ಕೂತ್ಕೊಳ್ಬೇಡ ಮಾರಾಯ್ತಿ. ಇವರು ಶುರು ಮಾಡಿದ್ರೆ ನಿಲ್ಲಿಸೋದಿಲ್ಲ."

ಆಗ ಅಲ್ಲಿನ ಟೀವಿಯಲ್ಲಿ ಮೆಕ್ಸಿಕೋದ ಧಾರಾವಾಹಿಗಳು ಅರಬ್ಬಿಯಲ್ಲಿ ಬರುತ್ತಿದ್ದವು. ಅದೂ ಎಂಥ ಅರಬ್ಬಿ! ಬೀದಿಯಲ್ಲಿ ಯಾರೂ ಆಡದ ಗ್ರಂಥದ ಅರಬ್ಬಿ. ಅದರಲ್ಲಿ ಮುದಿ ಅಪ್ಪನ ಪಾತ್ರ ಮಾಡುತ್ತಿದ್ದ ನಟನೊಬ್ಬನಿಗೆ ಬಾಪ್ಪು ಮರುಳಾದರು. ಅರಬ್ಬಿಯನ್ನೂ ಅವನಿಂದಲೇ ಕಲಿತರು. ಒಮ್ಮೆ ಕಫೀಲ್‌ನ ಮುಂದೆ, ಅಂದರೆ ವೀಸಾ ಕೊಟ್ಟ ಯಜಮಾನನ ಮುಂದೆ, ರಜೆ ಕೇಳಲು ನಿಂತು, "ಓ ಕುಲೀನನೇ, ನನ್ನ ಹೃದಯ ವಿರಹದಿಂದ ಭಗ್ನವಾಗಿದೆ" ಎಂದುಬಿಟ್ಟರಂತೆ! ಕಫೀಲ್ ನಕ್ಕೂ ನಕ್ಕೂ ಕಣ್ಣೊರೆಸಿಕೊಂಡ. ರಜೆ ಸಿಕ್ಕಿತೇ? ಎಲ್ಲಿಯದು! ಪಕ್ಕದ ಕೋಣೆಯವರನ್ನು ಕರೆಸಿ ಇನ್ನೊಮ್ಮೆ ಹೇಳಿಸಿದ, ಅಷ್ಟೇ.

ನಟನ ಚರಿತ್ರೆ ಬಾಪ್ಪುಗೆ ಕಂಠಪಾಠ. ಬೇಕರಿಯವನ ಮಗನಂತೆ. ಸಿನಿಮಾದಲ್ಲಿ ಮೊದಲು ಸಿಕ್ಕಿದ್ದು ಹೆಣದ ಪಾತ್ರ. "ಎಷ್ಟು ಚಂದ ಸತ್ತಿದ್ದ ಗೊತ್ತುಂಟಾ?" ಹೆಣದಿಂದ ಖಳನಾಯಕ, ಖಳನಾಯಕನಿಂದ ನಾಯಕ. ಕುದುರೆ, ಮೀಸೆ, ಹಾಡು. ಆಮೇಲೆ ಕುಡಿತ, ಲಿವರು ಕೆಟ್ಟಿತು. ಹೆಂಡತಿ ಬಿಟ್ಟಳು, ನಿರ್ಮಾಪಕರು ಬಿಟ್ಟರು, ಕೊನೆಗೆ ತಲೆಗೂದಲೂ ಬಿಟ್ಟಿತು. ಒಮ್ಮೆ ತಮ್ಮ ಮಗಳ ಹುಟ್ಟುಹಬ್ಬಕ್ಕೆ ಬಂದವರ ಮುಂದೆ ಬಾಪ್ಪು ಇದನ್ನೆಲ್ಲ ಶುರುಮಾಡಿದರೆ, ಕಥೆಯಲ್ಲಿ ನಟ ದಿವಾಳಿಯಾಗುವಷ್ಟರಲ್ಲಿ ಮೇಣದಬತ್ತಿ ಕರಗಿ ಕೇಕಿನ ಮೇಲೆ ಹರಿದಿತ್ತು. "ಡ್ಯಾಡಿ, ನಾಟ್ ಅಗೇನ್!" ಎಂದು ಮಗಳು ಅತ್ತೇಬಿಟ್ಟಳು.

ವರ್ಷಗಳು ಕಳೆದವು. ಒಂದು ಮಧ್ಯಾಹ್ನ ಬಾಪ್ಪು ಇಂಟರ್‌ನೆಟ್‌ನಲ್ಲಿ ಆ ನಟನ ಸುದ್ದಿ ಓದಿ ಊಟಕ್ಕೆ ಬಂದರು. ಮುಖ ಸಪ್ಪಗಾಗಿತ್ತು.

"ಗಂಟಲಿನ ಕ್ಯಾನ್ಸರ್. ಸ್ವರವೇ ಹೋಯ್ತಂತೆ."

"ಟೀವಿಯಲ್ಲಿ ಮೊನ್ನೆಯೂ ಮಾತಾಡಿದನಲ್ಲ!" ಎಂದರು ಚಿಕ್ಕಮ್ಮ.

"ಅದು ಡಬ್ಬಿಂಗ್‌ನವನದ್ದು. ಇವನ ಸ್ವರ ನಾನು ಒಂದು ದಿನವೂ ಕೇಳಲಿಲ್ಲ." ಬಾಪ್ಪು ಮೀನಿನ ತಟ್ಟೆ ಸರಿಸಿ ಎದ್ದರು. ಬಂಗುಡೆ ಬಿಟ್ಟು ಎದ್ದದ್ದನ್ನು ನಾನು ಕಂಡದ್ದು ಅದೇ ಮೊದಲು!

ಆ ನಟ ಬಹಳ ದಿನ ಉಳಿಯಲಿಲ್ಲ. ಬಾಡಿಗೆ ಕೋಣೆಯಲ್ಲಿ ಸತ್ತ. ಸಿನಿಮಾದವರು ಯಾರೂ ಹೋಗಲಿಲ್ಲವಂತೆ. ಬಾಪ್ಪು ಕಪ್ಪು ಪ್ಯಾಂಟು ಹಾಕಿಕೊಂಡು ಚರ್ಚಿಗೆ, ನಮ್ಮ ಮಾತಲ್ಲಿ ಇಗರ್ಜಿಗೆ, ಹೋಗಿ, ಅವನ ಆತ್ಮಶಾಂತಿಗೆ ಬಲಿಪೂಜೆಯ ಪ್ರಾರ್ಥನೆ ಬೇಕೆಂದರು. ಜೊತೆಗೆ ನಾನಿದ್ದೆ.

"ಏನು ಸಂಬಂಧ?" ಫಾದರ್ ಕೇಳಿದರು.

"ದೂರದ್ದು, ಫಾದರ್."

"ಎಷ್ಟು ದೂರ?"

"ಎರಡು ಸಮುದ್ರ ದಾಟಬೇಕು."

ನನಗೆ ನಗು ತಡೆಯಲಾಗಲಿಲ್ಲ. ಶುಕ್ರವಾರ ಪೂಜೆಯಲ್ಲಿ ಫಾದರ್ ಆ ಮೆಕ್ಸಿಕೋ ಹೆಸರನ್ನು ಹೇಗೋ ತಡವರಿಸಿ ಓದಿದರು. ಅದರ ಬೆನ್ನಿಗೇ ಇನ್ನೊಂದು ಹೆಸರು ಓದಿದರು. ನನ್ನ ಅಪ್ಪನ ಹೆಸರು! ಬಾಪ್ಪು ಅದನ್ನು ಯಾವಾಗ ಕೊಟ್ಟಿದ್ದರೋ! ನನ್ನ ನಗು ಅಲ್ಲಿಗೇ ನಿಂತಿತು.

ಅಪ್ಪ ತೀರಿಕೊಂಡಾಗ ಬಾಪ್ಪುವಿನ ಇಕಾಮಾ, ಅಂದರೆ ಅಲ್ಲಿ ವಾಸಿಸುವ ಪರವಾನಗಿ, ಇನ್ನೂ ನವೀಕರಣವಾಗಿರಲಿಲ್ಲ, ದೇಶ ಬಿಡುವಂತಿರಲಿಲ್ಲ. ಒಡಹುಟ್ಟಿದ ಅಣ್ಣನ ಮಣ್ಣಿಗೆ ಹೋಗಲಾಗಲಿಲ್ಲ. ಅಂದಿನಿಂದ ಆ ಮನೆಯಲ್ಲಿ ಅಪ್ಪನ ಮಾತೆತ್ತಿದರೆ ಬಾಪ್ಪು ಟೀವಿಯ ಸ್ವರ ಏರಿಸುತ್ತಿದ್ದರು.

ಪೂಜೆ ಮುಗಿದು ಕಾರಿನಲ್ಲಿ ಕೂತರೂ ಬಾಪ್ಪು ಕೀ ತಿರುಗಿಸಲಿಲ್ಲ.

"ಮಗಳೇ, ಅಣ್ಣ ಹೇಗೆ ಹೋದ ಅಂತ ನಾನು ನಿನ್ನ ಹತ್ರ ಕೇಳಲೇ ಇಲ್ಲ. ಈಗ ಹೇಳು."

ನಾನು ಹೇಳಿದೆ. ಆಸ್ಪತ್ರೆ, ಸಕ್ಕರೆ ಕಾಯಿಲೆ, ಕೊಳೆತ ಕಾಲು. ಕೊನೆಯ ಬೆಳಿಗ್ಗೆ ಗಂಜಿ ಬೇಡವೆಂದು ಚಹಾ ಕೇಳಿದ್ದು.

"ಸಕ್ಕರೆ ಹಾಕಿ ಕೊಟ್ಟೆಯಾ?"

"ಕೊಟ್ಟೆ, ಬಾಪ್ಪು."

"ಒಳ್ಳೇದು ಮಾಡಿದೆ," ಎಂದು ನನ್ನ ತಲೆ ಸವರಿದರು. ಆಮೇಲೆ ಸ್ಟೀರಿಂಗ್ ಮೇಲೆ ಹಣೆಯಿಟ್ಟು ಅತ್ತರು.