ಹತ್ತು ಅಡಿ, ಮೂವತ್ತು ಡಿಗ್ರಿ

"ನೀನು ಸುಮ್ನೆ ಕೂತಿರು. ದೂರ ಎಷ್ಟು, ಕೋನ ಎಷ್ಟು ಅಂತ ನಾನು ಹೇಳ್ತೀನಿ. ಮಿಕ್ಕಿದ್ದು ಇದರ ಕೆಲಸ," ಎಂದು ಅಚ್ಯುತರಾಯರು ತಾವೇ ಮಾಡಿದ ಗಾಲಿಕುರ್ಚಿಯ ಬೆನ್ನು ತಟ್ಟಿದರು. ಈ ನಿವೃತ್ತ ಗಣಿತದ ಮೇಷ್ಟ್ರು ಹೆಂಡತಿಯ ಬೆನ್ನನ್ನು ಎಂದಾದರೂ ಹೀಗೆ ತಟ್ಟಿದ್ದು ಇಂದುಮತಿಗೆ ನೆನಪಿಲ್ಲ.

ಮಂಡಿಯ ಆಪರೇಷನ್ ಆಗಿ ಹದಿನೈದು ದಿನ, ಕಾಲು ಊರುವಂತಿರಲಿಲ್ಲ. ಬೇರೆ ದಿನವಾಗಿದ್ದರೆ ಇಂದುಮತಿ ಮಂಚ ಬಿಟ್ಟು ಇಳಿಯುತ್ತಲೇ ಇರಲಿಲ್ಲ. ಆದರೆ ಇವತ್ತು ಗೌರಿಹಬ್ಬ. ಒಂಬತ್ತು ವರ್ಷದಿಂದ ಮಾತು ಬಿಟ್ಟಿದ್ದ ಅಣ್ಣ ಶ್ರೀಪತಿ, ತವರಿನ ಬಾಗಿನ ತರುತ್ತೇನೆಂದು ತಾನಾಗಿ ಫೋನ್ ಮಾಡಿದ್ದ. ಅವನ ಗೃಹಪ್ರವೇಶಕ್ಕೆ ಅವಳು ಹೋಗಿರಲಿಲ್ಲ. ಹೊರಡುವ ಹೊತ್ತಿಗೆ ಗಂಡನ ಚಪಾತಿ ಯಂತ್ರ ಅವಳ ಸೆರಗು ನುಂಗಿ ಕೂತಿತ್ತು. ಹಾಗೆಂದರೆ ಯಾವ ಅಣ್ಣ ತಾನೇ ನಂಬುತ್ತಾನೆ? ಈ ಸಲ ಬಾಗಿಲಿಗೇ ಹೋಗಿ, ಅವನ ಮುಖ ನೋಡಿ, ಸೆರಗೊಡ್ಡಿ ಮೊರ ತೆಗೆದುಕೊಳ್ಳಬೇಕು. ಅವಳಿಗಿದ್ದದ್ದು ಅದೊಂದೇ ಆಸೆ.

ರಾಯರು ಅವಳನ್ನು ಕುರ್ಚಿಯಲ್ಲಿ ಕೂರಿಸಿ, ಸೊಂಟಕ್ಕೆ ಪಟ್ಟಿ ಬಿಗಿದು, ಪರೀಕ್ಷೆಗೆಂದು ಕೂಗಿದರು: "ಹತ್ತು ಅಡಿ, ಮೂವತ್ತು ಡಿಗ್ರಿ."

ಕುರ್ಚಿ ಇದ್ದಲ್ಲೇ ಬುಗುರಿಯ ಹಾಗೆ ಪೂರ್ತಿ ಒಂದು ಸುತ್ತು ಹೊಡೆದು, ಮೇಲೆ ಮೂವತ್ತು ಡಿಗ್ರಿ ತಿರುಗಿ, ಬಾಗಿಲಿಗೆ ಹೋಗಿ ನಿಂತಿತು.

"ಇದ್ಯಾಕ್ರೀ ಹೀಗೆ?"

"ಮೂವತ್ತೂ ಒಂದೇ, ಮುನ್ನೂರ ತೊಂಬತ್ತೂ ಒಂದೇ ಕಣೇ. ಒಂದು ಬಿಂದುವಿಗೆ ಲೆಕ್ಕವಿಲ್ಲದಷ್ಟು ವಿಳಾಸ. ಅದಕ್ಕೆ ಇಷ್ಟ ಬಂದದ್ದನ್ನ ಆರಿಸ್ಕೊಳ್ಳುತ್ತೆ. ಅದೇ ಇದರ ಬುದ್ಧಿ!"

ಕುರ್ಚಿಯನ್ನು ಮೊದಲಿನ ಜಾಗಕ್ಕೆ ಕರೆಸಿ ಕೂಗಿದ ಎರಡನೇ ಸಲಕ್ಕೆ ಆ ಬುದ್ಧಿ ಏಳುನೂರ ಐವತ್ತು ಡಿಗ್ರಿಗೇರಿತು. ಎರಡು ಸುತ್ತಿನಲ್ಲಿ ಇಂದುಮತಿಯ ಕೈಲಿದ್ದ ಅರಿಶಿನ ಕುಂಕುಮವೆಲ್ಲ ಗೋಡೆಯ ಪಾಲಾಯಿತು.

"ಒಂದು ಹಗ್ಗ ಕಟ್ಟಿ ಎಳ್ಕೊಂಡು ಹೋಗ್ರೀ, ನಿಮ್ಮ ದಮ್ಮಯ್ಯ."

"ಹಗ್ಗಕ್ಕೆ ಯಾರು ಪೇಟೆಂಟ್ ಕೊಡ್ತಾರೆ?"

ಕುರ್ಚಿ ಮತ್ತೆ ಮೊದಲಿನ ಜಾಗಕ್ಕೆ ಬರುವಷ್ಟರಲ್ಲಿ ಗೇಟು ಸದ್ದಾಯಿತು. ಶ್ರೀಪತಿ ಮೊರ ಹಿಡಿದು ಹೊಸ್ತಿಲಿಗೆ ಬರುವ ಮೊದಲೇ ರಾಯರು ಮತ್ತೆ ಅದೇ ಲೆಕ್ಕ ಕೂಗಿದರು. ಈ ಸಲ ಕುರ್ಚಿ ಸುತ್ತಲಿಲ್ಲ. ಒಳಮನೆಯ ಕಡೆಗೆ ಮುಖ ಮಾಡಿತು. ಹಿಂದಕ್ಕೆ ಹಿಂದಕ್ಕೆ ಓಡಿ, ಹೊಸ್ತಿಲಿಗೆ ಬಂದ ಅಣ್ಣನಿಗೆ ಅವಳ ಬೆನ್ನು ಕಾಣುವಂತೆ ನಿಂತಿತು.

"ಮೈನಸ್ ಹತ್ತು, ಇನ್ನೂರ ಹತ್ತು!" ರಾಯರು ಕುಣಿದರು. "ಎದುರು ದಿಕ್ಕು, ಹಿಮ್ಮುಖ ನಡಿಗೆ. ಬಿಂದು ಮಾತ್ರ ಅದೇ!"

"ಅಣ್ಣಾ, ನಾನು ಬೇಕಂತ ತಿರುಗಿ ಕೂತಿಲ್ಲ. ಈ ಕುರ್ಚಿ..."

"ಆಗಲೂ ಯಂತ್ರ, ಈಗಲೂ ಯಂತ್ರ." ಶ್ರೀಪತಿ ಹೊಸ್ತಿಲು ದಾಟಲಿಲ್ಲ. "ಮುಖ ತೋರಿಸೋಕೆ ಇಷ್ಟ ಇಲ್ಲ ಅಂತ ಫೋನಲ್ಲೇ ಹೇಳಿದ್ರೆ ಬರ್ತಿರ್ಲಿಲ್ಲ ಇಂದೂ."

"ರೀ, ತಿರುಗಿಸ್ರೀ!"

ರಾಯರು ಎಷ್ಟು ತಳ್ಳಿದರೂ ಗಾಲಿಗಳು ಕದಲಲಿಲ್ಲ. "ದೂರ ಸೊನ್ನೆ, ಕೋನ ನೂರ ಎಂಬತ್ತು," ಎಂದು ಕೂಗಿದರು.

"ದೂರ ಸೊನ್ನೆಯಾದರೆ ಎಲ್ಲ ಕೋನವೂ ಒಂದೇ. ನೀವು ಈಗಾಗಲೇ ತಲುಪಿದ್ದೀರಿ," ಎಂದಿತು ಕುರ್ಚಿ, ಬಹಳ ವಿನಯದಿಂದ.

ಬೆನ್ನ ಹಿಂದೆ ಮೊರ ಹೊಸ್ತಿಲ ಮೇಲೆ ಇಟ್ಟ ಸದ್ದು ಕೇಳಿತು. ಆಮೇಲೆ ಚಪ್ಪಲಿಯ ಸದ್ದು, ಗೇಟಿನ ಸದ್ದು. ಇಂದುಮತಿಗೆ ಅಳು ಒತ್ತರಿಸಿ ಬಂತು. ಅಣ್ಣನಿಗೆ ಎಷ್ಟು ಕೂದಲು ನೆರೆತಿದೆಯೆಂದೂ ಅವಳು ನೋಡಿರಲಿಲ್ಲ.

ರಾಯರು ಟೇಪು ತಂದು ನೆಲ ಅಳೆದರು. "ಒಂದು ಅಂಗುಲವೂ ಆಚೀಚೆ ಆಗಿಲ್ಲ ನೋಡು."

"ಇನ್ನು ನನ್ನನ್ನ ಅಡಿಗೆಮನೆಗೆ ಕಳಿಸಿ," ಎಂದಳು ಇಂದುಮತಿ, ಕಣ್ಣೊರೆಸಿಕೊಂಡು. "ಹಿಂದುಮುಂದಾಗಿಯಾದ್ರೂ ಸರಿ. ಅಲ್ಲಿಗೆ ನನ್ನ ಮುಖ ನೋಡೋಕೆ ಅಂತ ಯಾರೂ ಬರಲ್ಲ."