ಸಾಧಾರಣ ಅತ್ತೆ, ಲಂಡನ್ನಿನ ಕ್ಯಾಮರಾ

ಅರುವತ್ತರ ದಶಕದ ಒಂದು ಗುರುವಾರ, ಬೆಳಿಗ್ಗೆ ಏಳು ಗಂಟೆ. ಕಾವೂರಿನಲ್ಲಿ ನನ್ನ ಸೋದರತ್ತೆಯ ಮನೆ. ಹಾಜರಿದ್ದವರು: ಅತ್ತೆ, ದುಭಾಷಿಯಾಗಿ ನಾನು, ಲಂಡನ್ನಿನಿಂದ ಬಂದ ಇಬ್ಬರು ದೊರೆಗಳು, ಒಂದು ಕ್ಯಾಮರಾ.

ಅತ್ತೆಯಷ್ಟು ಸಾಧಾರಣ ಹೆಂಗಸು ಮಂಗಳೂರಿನಲ್ಲೇ ಇಲ್ಲ ಎಂದು ದೊರೆಗಳಿಗೆ ಯಾರೋ ಹೇಳಿದ್ದರಂತೆ. ಹೇಳಿದವನಿಗೆ ಅತ್ತೆಯ ಪರಿಚಯವಿರಲಿಲ್ಲ, ಅದು ಖಂಡಿತ! ಎರಡನೇ ಮಹಾಯುದ್ಧ ಮುಗಿದ ಮೇಲೆ ಸಾಧಾರಣ ಜನ ದಿನ ಕಳೆಯುವುದು ಹೇಗೆ ಎಂದು ಟೆಲಿವಿಷನ್ನಿನಲ್ಲಿ ತೋರಿಸುವುದು ಅವರ ಕೆಲಸ. ಟೆಲಿವಿಷನ್ನನ್ನು ನಮ್ಮೂರಲ್ಲಿ ಕಂಡವರುಂಟೆ? “ಮುಖ ಇರುವ ರೇಡಿಯೋ” ಎಂದು ಅತ್ತೆಗೆ ವಿವರಿಸಿದೆ.

“ಅದು ಅಲ್ಲಿ ಮನೆಮನೆಗೆ ಹೋಗ್ತದಾ?”

“ಹೋಗ್ತದೆ.”

“ಹಾಗಾದ್ರೆ ತಮ್ಮನ ಮನೆಗೂ ಹೋಗ್ತದೆ. ತೆಗೀಲಿ!”

ಅತ್ತೆಯ ತಮ್ಮ, ಅಂದರೆ ನನ್ನ ಚಿಕ್ಕಪ್ಪ, ಯುದ್ಧಕಾಲದಲ್ಲಿ ಹಡಗಿನ ಅಡುಗೆಯವನಾಗಿ ಹೋಗಿ ಲಂಡನ್ನಿನಲ್ಲೇ ನಿಂತವರು. ವಿಳಾಸವಿಲ್ಲ, ಸುದ್ದಿಯಿಲ್ಲ. ಅವರಿಗೆ ತನ್ನ ಮುಖ ಕಾಣಬೇಕು, ಅತ್ತೆಯ ಆಸೆ ಅಷ್ಟೇ. ಚಿತ್ರ ಮಾಡಿಸುವ ದೊರೆಯ ನಿಯಮ ಮಾತ್ರ ಬೇರೆ: ನಾವು ಇಲ್ಲವೆಂದೇ ತಿಳಿಯಿರಿ, ಕ್ಯಾಮರಾ ನೋಡಬೇಡಿ.

“ಮನೆಗೆ ಬಂದವರನ್ನು ಇಲ್ಲ ಅಂತ ಎಣಿಸುವುದು ಹೇಗೆ ಮಾರಾಯ? ಇವರ ಅಮ್ಮ ಇವರಿಗೆ ಎಂತ ಕಲಿಸಿದ್ದು?”

ಕ್ಯಾಮರಾ ಬಾಗಿಲಿಂದ ಒಳಗೆ ಬಂತು. ಅತ್ತೆ ಬೆಲ್ಲ, ನೀರು ತಂದಿಟ್ಟರು. “ಕಟ್!” ಹೊರಗೆ ಹೋಗಿ ಮತ್ತೆ ಬಂದರು. ಮತ್ತೆ ಬೆಲ್ಲ, ನೀರು! ಅತ್ತೆಯ ಲೆಕ್ಕದಲ್ಲಿ ಹೊಸ್ತಿಲು ದಾಟಿದ ಪ್ರತಿ ಸಲವೂ ಹೊಸ ನೆಂಟ. ಮಧ್ಯಾಹ್ನದ ಹೊತ್ತಿಗೆ ಕ್ಯಾಮರಾದವನು ಚಿತ್ರ ತೆಗೆದದ್ದಕ್ಕಿಂತ ಹಿತ್ತಿಲಿಗೆ ಓಡಿದ್ದೇ ಹೆಚ್ಚು.

ದಿನನಿತ್ಯದಂತೆ ತೆಂಗಿನಕಾಯಿ ತುರಿಯಿರಿ ಎಂದರೆ ಅತ್ತೆ ಮದುವೆಯ ಸೀರೆಯಲ್ಲಿ ಬಂದು ಕುಳಿತರು.

“ಅತ್ತೆ, ದಿನಾ ಹೀಗೆಯಾ?”

“ಅಕ್ಕ ಬಡವಿಯಾದಳು ಅಂತ ಅವನು ಎಣಿಸಬಾರದಲ್ಲ!”

ಒಂದು ಸಲ ತುರಿಯುವುದು, ಒಂದು ಸಲ ಕ್ಯಾಮರಾ ನೋಡುವುದು. ಸಂಜೆ ದೊರೆ ಬೇಸರದಿಂದ ಹೇಳಿದ, ಕ್ಯಾಮರಾ ನೋಡಿದ್ದೆಲ್ಲ ಕತ್ತರಿಸಿಹೋಗುತ್ತದೆ ಎಂದು. ಅತ್ತೆಯ ಕೈ ನಿಂತಿತು.

“ಹಾಗಾದ್ರೆ ಅವನಿಗೆ ಕಾಣುವುದು ನನ್ನ ಕಿವಿ ಮಾತ್ರವಾ?”

ಆ ಪ್ರಶ್ನೆಯನ್ನೂ ತಮ್ಮನ ವಿಷಯವನ್ನೂ ದೊರೆಗೆ ಹೇಳಿದೆ. ಅವನು ಟೊಪ್ಪಿ ತೆಗೆದ. ಸ್ವಲ್ಪ ರೀಲು ಉಳಿದಿದೆ, ನೇರ ನೋಡಲಿ, ಕತ್ತರಿಸುವುದಿಲ್ಲ ಎಂದ.

ಅತ್ತೆ ಕನ್ನಡಕ ತೆಗೆದು ನನ್ನ ಕೈಗಿತ್ತರು. “ಅವನು ಹೋಗುವಾಗ ನನಗೆ ಇದು ಇರ್ಲಿಲ್ಲ. ಗುರುತು ಸಿಗದಿದ್ರೆ?”

ಕನ್ನಡಕವಿಲ್ಲದೆ ಅತ್ತೆಗೆ ಕ್ಯಾಮರಾವೇ ಕಾಣಲಿಲ್ಲ. ಮೂಲೆಯಲ್ಲಿದ್ದ ಕೊಡೆಯನ್ನು ನೋಡಿ ನಗತೊಡಗಿದರು!

“ಎಲ್ಲಿದ್ದಾನೆ?” ಎಂದರು.

ಎರಡೂ ಕೈಗಳಲ್ಲಿ ಅವರ ಮುಖ ಹಿಡಿದು ಕ್ಯಾಮರಾದ ಗಾಜಿನ ಕಡೆಗೆ ತಿರುಗಿಸಿದೆ. “ಇಲ್ಲಿ, ಅತ್ತೆ.” ಆ ದಿನ ದುಭಾಷಿಯಾಗಿ ನಾನು ಮಾಡಿದ ಕೊನೆಯ ಕೆಲಸ ಅದು.